ಅಜ್ಜನ ಟ್ರಂಕು: ಗದೆ, ಜೋಡಿ ಮತ್ತು ಒಂದು ಕ್ಯಾಸೆಟ್ಟು

ಹೋದ ವರ್ಷ ಶ್ರಾವಣದ ಮಳೆಗೆ ಊರ ಮನೆಯ ಮಾಳಿಗೆ ಸೋರಿತು. ಸೋರಿದ್ದು ನೆಟ್ಟಗೆ ಅಜ್ಜನ ಟ್ರಂಕಿನ ಮೇಲೆ. ಬೆಳಗಿನ ಜಾವ ಮಾಮಾ ಫೋನ್ ಮಾಡಿದರು. “ಯವ್ವಾ, ಟ್ರಂಕಿನ್ಯಾಗ ನೀರ ಹೊಕ್ಕೈತಿ. ನಾ ಏನೂ ಮುಟ್ಟಿಲ್ಲ. ನೀನ ಬಂದು ತಗಿ.” ನಾನು ಧಾರವಾಡದಲ್ಲಿ ಹೈಸ್ಕೂಲು ವಿಜ್ಞಾನ ಶಿಕ್ಷಕಿ. ಕೆಟ್ಟ ರೇಡಿಯೋದಿಂದ ಹಿಡಿದು ಕಪ್ಪಾದ ಬೆಳ್ಳಿಯವರೆಗೆ ಮನೆಯವರು ಎಲ್ಲವನ್ನೂ ನನ್ನ ಮುಂದೆಯೇ ತಂದಿಡುತ್ತಾರೆ. ಎರಡು ದಿನ ರಜೆ ಹಾಕಿ ಸವದತ್ತಿ ಬಸ್ಸು ಹತ್ತಿದೆ.

ಅಜ್ಜ ಅಂದರೆ ಅವ್ವನ ಅಪ್ಪ. ಐವತ್ತು, ಅರವತ್ತರ ದಶಕದಲ್ಲಿ ನಮ್ಮ ಕಡೆ ದೊಡ್ಡ ಹೆಸರು ಮಾಡಿದ ಪೈಲ್ವಾನ. ಕೊಲ್ಲಾಪುರದ ಖಾಸಬಾಗ ಮೈದಾನದಲ್ಲಿ, ಶಾಹೂ ಮಹಾರಾಜರು ಕಟ್ಟಿಸಿ 1912ರಲ್ಲಿ ಶುರುವಾದ ಆ ದುಂಡನೆಯ ಕಣದಲ್ಲಿ, ಕುಸ್ತಿ ಹಿಡಿದು ಬಂದವರು. ಈಗಲೂ ಜಾತ್ರೆಗಳಲ್ಲಿ ಕಣದ ಸುತ್ತ ಕೂತ ಹಿರಿಯರು ನಮ್ಮೂರ ಹೆಸರು ಕೇಳಿದರೆ ಮೊದಲು ಅಜ್ಜನ ಹೆಸರೆತ್ತುತ್ತಾರೆ, ಆಮೇಲೆ ನಮ್ಮನ್ನು ಮಾತಾಡಿಸುತ್ತಾರೆ. ಅವರ ಬಗ್ಗೆ ಮನೆಯಲ್ಲಿ ನಾನು ಹುಟ್ಟಿದಾಗಿನಿಂದ ಕೇಳಿದ್ದು ಒಂದೇ ಮಾತು: “ಅವರ ಬೆನ್ನಿಗೆ ಮಣ್ಣು ಹತ್ತಿದ್ದಿಲ್ಲ.” ಅಂದರೆ ಕಣದಲ್ಲಿ ಯಾರೂ ಅವರನ್ನು ಬೆನ್ನ ಮೇಲೆ ಕೆಡವಿ ಸೋಲಿಸಿದ್ದಿಲ್ಲ. ಈ ಮಾತಿನ ಕಡೆಗೆ ಆಮೇಲೆ ಬರುತ್ತೇನೆ. ಮೊದಲು ನೀರು.

ಟ್ರಂಕು ತೆರೆದಾಗ ತಳದಲ್ಲಿ ಎರಡು ಬೆರಳು ನೀರು. ಕಾಗದ, ಫೋಟೋ ನೆನೆದರೆ ಎರಡು ದಿನದೊಳಗೆ ಬೂಷ್ಟು ಹಿಡಿಯುತ್ತದೆ. ಹಾಗಾಗಿ ಮೊದಲ ದಿನ ಒಣಗಿಸುವ ಕೆಲಸ ಬಿಟ್ಟು ಬೇರೇನೂ ಮಾಡಲಿಲ್ಲ. ಬಿಸಿಲಿಗೆ ಹಾಕಲು ಹೊರಟ ಮಾಮಾನನ್ನು ತಡೆದೆ. ಬಿಸಿಲಿಗೆ ಫೋಟೋ ಸುರುಳಿ ಸುತ್ತಿಕೊಂಡು ಮೇಲಿನ ಪದರ ಸೀಳುತ್ತದೆ. ಪಡಸಾಲೆಯಲ್ಲಿ ಅವ್ವನ ಹಳೆಯ ಬಿಳಿ ಧೋತರ ಹಾಸಿ, ಫೋಟೋಗಳನ್ನು ಮುಖ ಮೇಲೆ ಮಾಡಿ ಹರಡಿದೆ. ಮೇಲ್ಮೈ ಮುಟ್ಟಲಿಲ್ಲ, ಒರೆಸಲಿಲ್ಲ. ಒದ್ದೆಯಾದ ಜೆಲಟಿನ್ ಪದರ ಹಾಲಿನ ಕೆನೆಯಷ್ಟು ಮೆತ್ತಗಿರುತ್ತದೆ, ಬೆರಳಿಟ್ಟರೆ ಚಿತ್ರವೇ ಬೆರಳಿಗೆ ಬರುತ್ತದೆ. ಪತ್ರಿಕೆಯ ತುಣುಕುಗಳ ನಡುವೆ ಒತ್ತುಕಾಗದ ಇಟ್ಟು ಗಂಟೆಗೊಮ್ಮೆ ಬದಲಿಸಿದೆ. ಫ್ಯಾನು ಗೋಡೆಯ ಕಡೆ ತಿರುಗಿಸಿ ಹಚ್ಚಿದೆ, ಗಾಳಿ ಆಡಬೇಕು, ಮೇಲೆ ಬೀಸಬಾರದು. ರಾತ್ರಿ ಹನ್ನೊಂದರವರೆಗೆ ಅವ್ವ, ಮಾಮಾ, ನಾನು ಮೂವರೂ ನೆಲದ ಮೇಲೆ ಕೂತಿದ್ದೆವು.

ಟ್ರಂಕಿನಲ್ಲಿ ಇದ್ದದ್ದು: ಕಂಬಳಿಯಲ್ಲಿ ಸುತ್ತಿದ ಬೆಳ್ಳಿ ಗದೆ, ಎರಡು ಬೆಳ್ಳಿ ಕಡಗ, ಕೆಂಪು ಲಂಗೋಟಿ, ಗಾಜಿನ ಕಟ್ಟು ಹಾಕಿದ ಒಂದು ದೊಡ್ಡ ಫೋಟೋ, ಬಿಡಿ ಫೋಟೋಗಳು ಹದಿನೇಳು, ಕೆಂಪು ರಟ್ಟಿನ ಉದ್ದನೆಯ ಖಾತೆಪುಸ್ತಕ ಒಂದು, ಬಿಸ್ಕೀಟಿನ ಡಬ್ಬಿಯಲ್ಲಿ ಒಂದು ಕ್ಯಾಸೆಟ್ಟು. ಡಬ್ಬಿಯೊಳಗೆ ನೀರು ಹೋಗಿರಲಿಲ್ಲ.

ಗದೆ

ಊರ ದೈವದವರು, ಅಂದರೆ ಊರ ಹಿರಿಯರೂ ಜನರೂ ಕೂಡಿ, ಅಜ್ಜನಿಗೆ ಹೊರಿಸಿದ ಗದೆ. ಒಳಗೆ ಕಟ್ಟಿಗೆ, ಮೇಲೆ ಬೆಳ್ಳಿಯ ತಗಡು, ತಗಡಿಗೂ ಕಟ್ಟಿಗೆಗೂ ನಡುವೆ ಅರಗು. ಕಂಬಳಿ ಬಿಚ್ಚಿದಾಗ ಬೆಳ್ಳಿ ಬಾಣಲೆಯ ತಳದಂತೆ ಕಪ್ಪಾಗಿತ್ತು. ಕಂಬಳಿಯ ಮೇಲೆ ಬಿಗಿದಿದ್ದ ಸೈಕಲ್ ಟ್ಯೂಬಿನ ತುಂಡು ಕೆಳಗೆ ಜಾರಿ ಬೆಳ್ಳಿಗೆ ತಾಗಿದ ಕಡೆ ಇನ್ನೂ ದಟ್ಟವಾದ ಒಂದು ಪಟ್ಟಿ. ಅಜ್ಜಿ ಎಷ್ಟು ಕಾಳಜಿಯಿಂದ ಸುತ್ತಿಟ್ಟಿದ್ದಳೋ, ಅದೇ ಅದನ್ನು ಕಪ್ಪು ಮಾಡಿತ್ತು. ಬೆಳ್ಳಿಗೆ ಗಂಧಕ ಆಗದು. ಕುರಿಯ ಉಣ್ಣೆಯಲ್ಲೂ ಗಂಧಕವಿದೆ, ಟ್ಯೂಬಿನ ರಬ್ಬರಿನಲ್ಲೂ ಇದೆ. ಮನೆಯಲ್ಲಿ ಬೆಳ್ಳಿ ಇಟ್ಟವರು ಇದೊಂದನ್ನು ನೆನಪಿಡಿ: ಕಂಬಳಿ, ಶಾಲು, ರಬ್ಬರ್ ಬ್ಯಾಂಡು ಹತ್ತಿರ ಬರಬಾರದು. ಒಗೆದ ಬಿಳಿ ಹತ್ತಿ ಬಟ್ಟೆ ಸಾಕು.

ಬಿಸಿನೀರು, ಸೋಡಾ, ಅಲ್ಯುಮಿನಿಯಂ ಹಾಳೆಯ ಉಪಾಯ ಬಹಳ ಮಂದಿಗೆ ಗೊತ್ತು. ಲೋಟ, ಚಮಚಕ್ಕೆ ಅದು ನಡೆಯುತ್ತದೆ. ಇಲ್ಲಿ ನಡೆಯದು, ಒಳಗಿನ ಅರಗು ಬಿಸಿಗೆ ಇಳಿಯುತ್ತದೆ, ಕಟ್ಟಿಗೆ ನೀರು ಕುಡಿದು ಉಬ್ಬಿ ತಗಡನ್ನು ಒಡೆಯುತ್ತದೆ. ಹುಣಸೆಹಣ್ಣೂ ಬೇಡ, ಟೂತ್‌ಪೇಸ್ಟ್ ಅಂತೂ ಬೇಡವೇ ಬೇಡ. ಪ್ರಯೋಗಾಲಯದ ಸಾಮಾನು ಮಾರುವ ಅಂಗಡಿಯಲ್ಲಿ ನುಣ್ಣನೆಯ ಕ್ಯಾಲ್ಸಿಯಂ ಕಾರ್ಬೊನೇಟ್ ಪುಡಿ ಸಿಗುತ್ತದೆ. ಬ್ಯಾಟರಿಗೆ ಹಾಕುವ ಡಿಸ್ಟಿಲ್ಡ್ ನೀರಿನಲ್ಲಿ ಅದನ್ನು ಮಜ್ಜಿಗೆಯ ಹದಕ್ಕೆ ಕಲಸಿ, ಹತ್ತಿಯ ಉಂಡೆಯಿಂದ ಸಣ್ಣ ಸಣ್ಣ ವೃತ್ತದಲ್ಲಿ ಉಜ್ಜಿದೆ. ಒಂದು ಅಂಗೈಯಷ್ಟು ಜಾಗಕ್ಕೆ ನಲವತ್ತು ನಿಮಿಷ. ಹೂಬಳ್ಳಿಯ ಕೆತ್ತನೆಯ ಸಂದಿಯಲ್ಲಿದ್ದ ಕಪ್ಪನ್ನು ಬೇಕೆಂದೇ ಬಿಟ್ಟೆ, ಆ ಕಪ್ಪಿನಿಂದಲೇ ಬಳ್ಳಿ ಕಾಣುವುದು. ಐದು ರವಿವಾರ ಹಿಡಿಯಿತು.

ಕೊರಳಪಟ್ಟಿಯ ಮೇಲೆ ಅಕ್ಷರ ಇದ್ದವು, ಓದಲು ಬರುತ್ತಿರಲಿಲ್ಲ. ಪ್ರತಿ ಖಂಡೇಪೂಜೆಗೆ, ಅಂದರೆ ದಸರೆಯ ಆಯುಧಪೂಜೆಗೆ, ಅಜ್ಜಿ, ಅವಳ ನಂತರ ಅತ್ತಿ, ವಿಭೂತಿ ಹಚ್ಚಿ ತಿಕ್ಕಿದ್ದಾರೆ. ವರ್ಷಕ್ಕೊಂದು ಪದರದಂತೆ ಅಕ್ಷರ ಸವೆದಿವೆ. ಕತ್ತಲ ಕೋಣೆಯಲ್ಲಿ ಟಾರ್ಚನ್ನು ಬೆಳ್ಳಿಗೆ ಹೆಚ್ಚುಕಡಿಮೆ ಸಮಾನಾಂತರವಾಗಿ ಹಿಡಿದು, ಬೆಳಕಿನ ದಿಕ್ಕು ಬದಲಿಸುತ್ತ ಎಂಟು ಫೋಟೋ ತೆಗೆದೆ. ಅಡ್ಡ ಬೆಳಕಿಗೆ ನೆರಳು ಎದ್ದಿತು. “...ಸಮಸ್ತ ದೈವದವರಿಂದ ಪೈಲ್ವಾನ...” ಎಂಬಲ್ಲಿಗೆ ಬಂದು, ಅಜ್ಜನ ಹೆಸರಿನ ಮೊದಲ ಎರಡು ಅಕ್ಷರ ಸಿಕ್ಕವು. ಉಳಿದದ್ದು ವಿಭೂತಿಯ ಜೊತೆ ಹೋಗಿದೆ. ಕೆತ್ತಿಸಿ ತುಂಬೋಣ ಎಂದು ಮಾಮಾ ಅಂದರು. ಬೇಡ ಅಂದೆ.

ತಲೆಯ ಒಂದು ಬದಿಗೆ ನಿಂಬೆಹಣ್ಣಿನಷ್ಟು ತಗ್ಗು ಇತ್ತು. ಪತ್ತಾರ ಕಾಕಾನ ಹತ್ತಿರ ಒಯ್ದೆ. ಅವರು ಉಗುರಿನಿಂದ ತಗಡನ್ನು ಸುತ್ತಲೂ ಬಡಿದು, ಕಿವಿಗೊಟ್ಟು ಕೇಳಿದರು. ಅರಗು ಹಿಡಿದಿರುವ ಕಡೆ ಸಪ್ಪಳ ಮಂದ, ಬಿಟ್ಟಿರುವ ಕಡೆ ಟೊಳ್ಳು. “ಎತ್ತಬಹುದು. ಆದ್ರ ತಗಡ ಹಾಳಿ ಆಗೈತಿ ಟೀಚರ್. ಕಾಸಿದ್ರ ಅರಗ ಹರೀತೈತಿ, ಎತ್ತಿದ್ರ ಸೀಳತೈತಿ.” ಅಷ್ಟರಲ್ಲಿ ಮಾಮಾ ನೆನಪು ಮಾಡಿಕೊಂಡರು: ಗದೆ ಬಂದ ದಿನ ಮೆರವಣಿಗೆಯಲ್ಲಿ ಎತ್ತಿನ ಗಾಡಿಯ ನೊಗಕ್ಕೆ ಬಡಿದದ್ದು ಅದು. ತಗ್ಗು ಹಾಗೇ ಉಳಿಯಿತು. ಹಿಡಿಯ ಕಟ್ಟಿಗೆ ಒಣಗಿ ತಲೆ ಲೊಟಗುಡುತ್ತಿತ್ತು. ಅಂಟು ಹಾಕದೆ ಹತ್ತಿಯ ಲಾಡಿ ಮೂರು ಸುತ್ತು ಸುತ್ತಿ ಕೂರಿಸಿದೆವು, ಕಳೆದುಹೋದ ಮೊಳೆಯ ಜಾಗಕ್ಕೆ ಕಾಕಾ ಹಿತ್ತಾಳೆಯ ಹೊಸ ಮೊಳೆ ಮಾಡಿಕೊಟ್ಟರು. ನಾಳೆ ನನಗಿಂತ ತಿಳಿದವರು ಬಂದರೆ ಬಿಚ್ಚಲು ಬರಬೇಕು.

ಕಿವಿ

ಗಾಜಿನ ಕಟ್ಟಿನ ಫೋಟೋದಲ್ಲಿ ಅಜ್ಜ ಪಟಕ ಸುತ್ತಿ, ಗದೆ ಹೊತ್ತು ನಿಂತಿದ್ದಾರೆ. ಹಿಂದೆ ಯಾವುದೋ ಮಳೆಗೆ ಜೆಲಟಿನ್ ಗಾಜಿಗೆ ಅಂಟಿಬಿಟ್ಟಿದೆ. ಅದನ್ನು ಎಳೆಯಲೇಬಾರದು, ಎಳೆದರೆ ಮುಖ ಗಾಜಿನ ಮೇಲೆ ಉಳಿದು ಕೈಗೆ ಬರೀ ಕಾಗದ ಬರುತ್ತದೆ. ಕಟ್ಟು ಮತ್ತು ಹಿಂದಿನ ಹುಳು ತಿಂದ ರಟ್ಟು ಮಾತ್ರ ತೆಗೆದು, ಗಾಜೂ ಫೋಟೋವೂ ಕೂಡಿದಂತೆಯೇ ಇಟ್ಟೆ. ನನ್ನ ತೆಳ್ಳನೆಯ ಸ್ಕ್ಯಾನರಿನಲ್ಲಿ ಗಾಜಿನ ದಪ್ಪಕ್ಕೆ ಚಿತ್ರ ಮಸುಕಾಯಿತು. ಆದ್ದರಿಂದ ಕ್ಯಾಮೆರಾ ನೇರ ಮೇಲಿಂದ ನಿಲ್ಲಿಸಿ, ಎರಡು ದೀಪ ಎರಡೂ ಬದಿಗೆ 45 ಡಿಗ್ರಿಯಲ್ಲಿ ಇಟ್ಟು, ಕ್ಯಾಮೆರಾದ ಸುತ್ತ ಕರಿ ಬಟ್ಟೆ ಕಟ್ಟಿ ತೆಗೆದೆ. ಕರಿ ಬಟ್ಟೆ ಇಲ್ಲದಿದ್ದರೆ ಗಾಜಿನಲ್ಲಿ ಅಜ್ಜನ ಎದೆಯ ಮೇಲೆ ಕ್ಯಾಮೆರಾದ ಪಡಿನೆರಳು ಕೂತಿರುತ್ತದೆ.

ಬಿಡಿ ಫೋಟೋಗಳ ಪೈಕಿ ಒಂದು ಪೋಸ್ಟ್‌ಕಾರ್ಡಿನ ಅಳತೆಯದು. ನೋಡಿದ ಕೂಡಲೇ ಅವ್ವ ಕೈಗೆ ತೆಗೆದುಕೊಂಡಳು. ಪಡಸಾಲೆಯ ಗೋಡೆಯ ಮೇಲೆ ಹನ್ನೆರಡು ವರ್ಷದಿಂದ ತೂಗುತ್ತಿರುವ ದೊಡ್ಡ ಬಣ್ಣದ ಚಿತ್ರದ ಮೂಲ ಅದು. ಆಗ ಮಾಮಾ ಒಂದು ಸ್ಟುಡಿಯೋಕ್ಕೆ ಈ ಚಿತ್ರದ ಇನ್ನೊಂದು ಪ್ರತಿ ಕೊಟ್ಟು ದೊಡ್ಡದು ಮಾಡಿಸಿದ್ದರು. ಅವರು ಮೈಬಣ್ಣ ತಿಳಿ ಮಾಡಿದರು, ಮೀಸೆ ಕಪ್ಪು ಮಾಡಿದರು. ಕೊಟ್ಟ ಮೂಲ ಮರಳಿ ಬಂದಾಗ ಅಂಚು ಕತ್ತರಿಸಿ ಹಾರ್ಡ್‌ಬೋರ್ಡಿಗೆ ಅಂಟಿಸಿದ್ದರು. ಅದನ್ನೆಲ್ಲ ನಾವು ನೋಡಿದ್ದೆವು. ನೋಡದೇ ಇದ್ದದ್ದು ಒಂದಿತ್ತು. ಅವ್ವ ಸಣ್ಣ ಫೋಟೋವನ್ನು ಬೆಳಕಿಗೆ ಹಿಡಿದು, ಗೋಡೆಯ ಚಿತ್ರದ ಕಡೆ ತಿರುಗಿ, ಮೆಲ್ಲಗೆ ಅಂದಳು: “ಅಪ್ಪನ ಕಿವಿ ಎಲ್ಲಿ ಹೋತು?”

ಗೋಡೆಯ ಮೇಲಿನ ಅಜ್ಜನಿಗೆ ಸಾಹುಕಾರನ ಕಿವಿ ಇದೆ. ತಿದ್ದಿ, ತೀಡಿ, ಸುರುಳಿಸುರುಳಿಯಾಗಿ ಬರೆದದ್ದು. ನಿಜವಾದ ಅಜ್ಜನ ಎರಡೂ ಕಿವಿ ಒಡೆದಿದ್ದವು. ಪಟ್ಟು ಹಾಕುವಾಗ ತಲೆಗೆ ತಲೆ ತಿಕ್ಕಿ, ಕಿವಿಯ ಮೃದ್ವಸ್ಥಿಗೂ ಚರ್ಮಕ್ಕೂ ನಡುವೆ ರಕ್ತ ನಿಂತು, ಅದು ಗಟ್ಟಿಯಾಗಿ, ಕಿವಿ ಮುದುಡಿದ ಹಪ್ಪಳದಂತಾಗುತ್ತದೆ. ಪೈಲ್ವಾನರು ಒಬ್ಬರನ್ನೊಬ್ಬರು ಗುರುತು ಹಿಡಿಯುವುದೇ ಕಿವಿ ನೋಡಿ. ಬಸ್ಸಿನಲ್ಲಿ ಅಪರಿಚಿತರು ಅಜ್ಜನ ಕಿವಿ ನೋಡಿ “ಯಾವ ತಾಲೀಮಿನವರ್ರೀ?” ಎಂದು ಕೇಳಿ ಎದ್ದು ಸೀಟು ಬಿಟ್ಟುಕೊಡುತ್ತಿದ್ದರು ಎಂದು ಅವ್ವ ಹೇಳುತ್ತಿದ್ದಳು. ಚಿಕ್ಕವಳಿದ್ದಾಗ ಅವಳು ಅಪ್ಪನ ಹೆಗಲ ಮೇಲೆ ಕೂತರೆ ಹಿಡಿದುಕೊಳ್ಳುತ್ತಿದ್ದದ್ದೂ ಆ ಕಿವಿಯನ್ನೇ.

ಸಣ್ಣ ಫೋಟೋವನ್ನು 1200 ಡಿಪಿಐನಲ್ಲಿ ಸ್ಕ್ಯಾನ್ ಮಾಡಿ ಟಿಫ್ ಕಡತವಾಗಿ ಉಳಿಸಿದೆ, ಉಳಿದವು 600ರಲ್ಲಿ. ಪರದೆಯ ಮೇಲೆ ಧೂಳಿನ ಚುಕ್ಕೆ ಮಾತ್ರ ತೆಗೆದೆ. ಮಡಚಿದ ಗೆರೆ, ಅಂಚಿನ ಬೆಳ್ಳಿಹೊಳಪು, ಮೂಲೆಯ ಎಣ್ಣೆಕಲೆ ಯಾವುದನ್ನೂ ಮುಟ್ಟಲಿಲ್ಲ. ಗೋಡೆಗೆ ಈಗ ಇದರ ಪ್ರತಿ ಬಂದಿದೆ, ಮೂಲ ಕತ್ತಲಲ್ಲಿದೆ, ಆಮ್ಲವಿಲ್ಲದ ಕಾಗದದ ಲಕೋಟೆಯಲ್ಲಿ. ಬಣ್ಣದ ಚಿತ್ರವನ್ನು ಮಾಮಾ ಒಳಕೋಣೆಗೆ ಒಯ್ದರು. ಎಸೆಯಲಿಲ್ಲ, ಅದಕ್ಕೂ ಅವರು ದುಡ್ಡು ಕೊಟ್ಟದ್ದು ಪ್ರೀತಿಯಿಂದಲೇ.

ಜೋಡಿ

ಜೋಡಿ ಇದ್ದದ್ದು ಟ್ರಂಕಿನಲ್ಲಲ್ಲ, ಗರಡಿಮನೆಯಲ್ಲಿ. ಎರಡೂ ಕೈಯಲ್ಲಿ ಒಂದೊಂದು ಹಿಡಿದು ಹೆಗಲ ಹಿಂದಿನಿಂದ ತಿರುವುವ ಜಾಲಿ ಕಟ್ಟಿಗೆಯ ಮುದ್ಗರಗಳು. ಚಿಕ್ಕಂದಿನಲ್ಲಿ ನಾನು ಆ ಗರಡಿಯ ಹೊಸ್ತಿಲು ದಾಟಿದವಳಲ್ಲ, ಹೆಣ್ಣುಮಕ್ಕಳು ಒಳಗೆ ಹೋಗುವಂತಿರಲಿಲ್ಲ. ಹೊರಗೆ ನಿಂತು ಎಳ್ಳೆಣ್ಣೆ, ಮಜ್ಜಿಗೆ, ಅರಿಶಿನ, ಕರ್ಪೂರ ಬೆರೆತ ಕೆಮ್ಮಣ್ಣಿನ ವಾಸನೆ ಮಾತ್ರ ತೆಗೆದುಕೊಂಡದ್ದು. ಈಗ ಹಳಿಯಾಳ, ಗದಗ ಕಡೆ ಹುಡುಗಿಯರೇ ಕುಸ್ತಿ ಆಡಿ ಪದಕ ತರುತ್ತಿದ್ದಾರೆ. ಈಗಿನ ವಸ್ತಾದರು, ಗರಡಿಯ ಗುರುಗಳು, ಬಾಗಿಲಲ್ಲೇ ನಿಂತಿದ್ದರು. “ಬರ್ರಿ ಟೀಚರ್. ಚಪ್ಪಲ್ ಹೊರಗ ಬಿಡ್ರಿ, ಹನಮಪ್ಪಗ ಕೈ ಮುಗೀರಿ, ಬರ್ರಿ.” ಬಲಗಾಲಿಟ್ಟು ಒಳಗೆ ಹೋದೆ. ಕಾಲ ಕೆಳಗೆ ಮಣ್ಣು ತಂಪಾಗಿತ್ತು.

ಜೋಡಿಯ ತುಂಬ ಗುಂಡುಸೂಜಿಯ ತಲೆಯಷ್ಟು ತೂತು. ಗೆದ್ದಲಲ್ಲ, ಕಟ್ಟಿಗೆ ಕೊರೆಯುವ ಹುಳ. ಹುಳ ಬದುಕಿದೆಯೋ, ಹಳೆಯ ತೂತೋ ಎಂದು ತಿಳಿಯಲು ಎರಡನ್ನೂ ಕರಿ ಕಾಗದದ ಮೇಲೆ ಹದಿನೈದು ದಿನ ಮಲಗಿಸಿದೆ. ಒಂದರ ಕೆಳಗೆ ಏನೂ ಬೀಳಲಿಲ್ಲ. ಇನ್ನೊಂದರ ಕೆಳಗೆ ಮೈದಾಹಿಟ್ಟಿನಂಥ ಪುಡಿಯ ಮೂರು ಸಣ್ಣ ಗುಪ್ಪೆ. ಬದುಕಿದೆ.

ಸೀಮೆಎಣ್ಣೆ ಕುಡಿಸಿರಿ ಎಂದು ಎಲ್ಲರೂ ಹೇಳಿದರು. ಆದರೆ ಅದು ಹಿಡಿಯ ಮೇಲಿನ ಬಣ್ಣವನ್ನೂ ವಾಸನೆಯನ್ನೂ ತಿಂದುಹಾಕುತ್ತದೆ. ವಸ್ತುಸಂಗ್ರಹಾಲಯದವರು ತಂಪಿನಿಂದ ಕೊಲ್ಲುತ್ತಾರೆ, ನಾನೂ ಅದನ್ನೇ ಮಾಡಿದೆ. ಸವದತ್ತಿಯಲ್ಲಿ ಐಸ್‌ಕ್ರೀಮ್ ಅಂಗಡಿ ಇಟ್ಟಿರುವ ಹಳೆಯ ವಿದ್ಯಾರ್ಥಿಯೊಬ್ಬ ತನ್ನ ದೊಡ್ಡ ಫ್ರೀಜರಿನ ಅರ್ಧ ಭಾಗ ಖಾಲಿ ಮಾಡಿಕೊಟ್ಟ. ಜೋಡಿಯನ್ನು ಹತ್ತಿ ಬಟ್ಟೆಯಲ್ಲಿ ಸುತ್ತಿ, ದಪ್ಪ ಪ್ಲಾಸ್ಟಿಕ್ಕಿನಲ್ಲಿ ಗಾಳಿ ಹಿಂಡಿ ತೆಗೆದು, ಟೇಪು ಹಚ್ಚಿ ಮುಚ್ಚಿ, ಮೈನಸ್ 20 ಡಿಗ್ರಿಯ ಹತ್ತಿರ ಎರಡು ವಾರ ಇಟ್ಟೆವು. ಹೊರಗೆ ತೆಗೆದ ಮೇಲೆ ಪೂರ್ತಿ ಒಂದು ದಿನ ಪ್ಲಾಸ್ಟಿಕ್ ಬಿಚ್ಚಬಾರದು. ಬಿಚ್ಚಿದರೆ ಹೊರಗಿನ ಗಾಳಿಯ ತೇವವೆಲ್ಲ ತಣ್ಣನೆಯ ಕಟ್ಟಿಗೆಯ ಮೇಲೆ ನೀರಾಗಿ ಇಳಿದು, ಕಟ್ಟಿಗೆ ಬಿರಿಯುತ್ತದೆ. ಮತ್ತೆ ಕರಿ ಕಾಗದ, ಮತ್ತೆ ಹದಿನೈದು ದಿನ. ಪುಡಿ ಬೀಳಲಿಲ್ಲ.

ತೂತುಗಳಿಗೆ ಜೇನುಮೇಣ ತುಂಬಿದೆ. ಆಮೇಲೆ ತಳದ ಬಿರುಕಿಗೆ ಒಂದು ಕಬ್ಬಿಣದ ಪಟ್ಟಿ ಬೇಕಿತ್ತೆಂದು ಬಡಿಗೇರರ ಹತ್ತಿರ ಒಯ್ದೆ. ಪಟ್ಟಿಯ ಅಳತೆ ತೆಗೆದುಕೊಂಡು ನಾನು ಚಹಾ ತರಲು ಎದ್ದೆ. ತಿರುಗಿ ಬಂದಾಗ ಅವರ ಮಗ ಉಸುಕಿನ ಕಾಗದ ಕೈಯಲ್ಲಿ ಹಿಡಿದು ಹಿಡಿಯ ಮೇಲೆ ಇಟ್ಟಿದ್ದ. “ಹೊಲಸ ಆಗೈತ್ರೀ, ತಿಕ್ಕಿ ಪಾಲಿಶ್ ಹಚ್ಚಿಬಿಡ್ತೀನಿ.” ಕೂಗಿದೆ. ಚಹಾ ಚೆಲ್ಲಿತು. ಆ ಹುಡುಗ ಹೆದರಿಬಿಟ್ಟ, ಅವನ ತಪ್ಪೇನೂ ಇಲ್ಲ. ಒಳ್ಳೆಯದು ಮಾಡಲು ಹೊರಟಿದ್ದ. ಅವನನ್ನು ಹತ್ತಿರ ಕರೆದು ತೋರಿಸಿದೆ. ಹಿಡಿಯ ಮೇಲೆ ಬೆವರು, ಎಣ್ಣೆ, ಮಣ್ಣು ಕೂಡಿ ಕರಿ ಕನ್ನಡಿಯಂಥ ಪದರವಾಗಿದೆ. ಬಲಗೈಯ ಮುದ್ಗರದ ಹಿಡಿಯಲ್ಲಿ ಹೆಬ್ಬೆರಳು ಕೂರುವ ಜಾಗ ಒಂದು ಕಡಲೆಕಾಳು ಹಿಡಿಯುವಷ್ಟು ತಗ್ಗಾಗಿದೆ. ಎಡಗೈಯದಕ್ಕೆ ಅಂಥ ತಗ್ಗು ಇಲ್ಲ, ಅಲ್ಲಿ ಕಿರುಬೆರಳ ಕಡೆ ಸವೆದಿದೆ. ಅಜ್ಜನ ಎಡ ಹೆಬ್ಬೆರಳು ಒಮ್ಮೆ ಮುರಿದಿತ್ತು ಎಂದು ಮಾಮಾ ಹೇಳಿದ್ದು ಆಗ ನೆನಪಾಯಿತು. ಹುಡುಗ ತನ್ನ ಹೆಬ್ಬೆರಳನ್ನು ಆ ತಗ್ಗಿನಲ್ಲಿಟ್ಟು ನೋಡಿದ. ಅವನ ಹೆಬ್ಬೆರಳು ಅದರಲ್ಲಿ ಸಡಿಲಾಗಿ ಆಡುತ್ತಿತ್ತು.

ಕ್ಯಾಸೆಟ್ಟು

ಮಾಮಾ ಹರೆಯದಲ್ಲಿದ್ದಾಗ ಮನೆಗೆ ರೇಡಿಯೋ, ಟೇಪು ಎರಡೂ ಇರುವ ಟೂ-ಇನ್-ಒನ್ ಬಂದ ಹೊಸತರಲ್ಲಿ ಅಜ್ಜನನ್ನು ಕಟ್ಟೆಯ ಮೇಲೆ ಕೂರಿಸಿ ಮಾತಾಡಿಸಿ ತುಂಬಿಸಿಕೊಂಡ ಕ್ಯಾಸೆಟ್ಟು. 60 ನಿಮಿಷದ್ದು. ಕೊನೆಗೆ ಯಾರೋ ಹಚ್ಚಿದಾಗ ಸುರುಳಿ ಸಿಕ್ಕಿಹಾಕಿಕೊಂಡು ತುದಿ ಹರಿದಿತ್ತು. ಟೇಪನ್ನು ಹೆಡ್ಡಿಗೆ ಒತ್ತಿ ಹಿಡಿಯುವ ಚಿಕ್ಕ ನಮದೆಯ ತುಂಡೂ ಅಂಟು ಬಿಟ್ಟು ಒಳಗೆ ಗಲಗಲ ಅನ್ನುತ್ತಿತ್ತು. ಅದಿಲ್ಲದಿದ್ದರೆ ದನಿ ಕಂಬಳಿ ಹೊದ್ದು ಮಾತಾಡಿದಂತೆ ಬರುತ್ತದೆ.

ಪುಣ್ಯಕ್ಕೆ ಐದು ಸ್ಕ್ರೂ ಇದ್ದ ಕ್ಯಾಸೆಟ್ಟು. ಅಂಟಿಸಿದ್ದಾಗಿದ್ದರೆ ಬ್ಲೇಡಿನಿಂದ ಒಡೆಯಬೇಕಾಗುತ್ತಿತ್ತು. ಹಳೆಯ ಖಾಲಿ ಕ್ಯಾಸೆಟ್ಟೊಂದನ್ನು ಬಿಚ್ಚಿ ಅದರ ಡಬ್ಬಿಯೊಳಗೆ ಅಜ್ಜನ ಎರಡೂ ಸುರುಳಿಗಳನ್ನು ಎತ್ತಿ ಕೂರಿಸಿದೆ. ಎತ್ತುವಾಗ ಸುರುಳಿಯನ್ನು ಬದಿಯಿಂದ ಹಿಡಿಯಬೇಕು, ನಡುವಿನ ಗಾಲಿ ಜಾರಿದರೆ ಇಡೀ ಟೇಪು ಕೂದಲ ಗಂಟಾಗಿ ನೆಲದ ಮೇಲೆ ಇರುತ್ತದೆ. ಹರಿದ ತುದಿಗಳನ್ನು ಓರೆಯಾಗಿ ಕತ್ತರಿಸಿ ಟೇಪು ಜೋಡಿಸಲೆಂದೇ ಇರುವ ತೆಳು ಪಟ್ಟಿಯಿಂದ ಹಿಂಬದಿಗೆ ಅಂಟಿಸಿದೆ. ಮನೆಯ ಸೆಲೋಟೇಪಿನ ಅಂಟು ಬೇಸಿಗೆಗೆ ಇಳಿದು ಮುಂದಿನ ಸುತ್ತಿಗೂ ಹತ್ತುತ್ತದೆ.

ಟೂ-ಇನ್-ಒನ್ನಿನ ಬೆಲ್ಟು ಕರಗಿ ಡಾಂಬರಿನಂತಾಗಿತ್ತು. ಅದನ್ನು ಸ್ಪಿರಿಟ್ಟಿನಿಂದ ಒರೆಸಲು ಒಂದು ಸಂಜೆ ಪೂರ್ತಿ ಹೋಯಿತು. ಹೊಸ ಬೆಲ್ಟು ಹಾಕಿ, ಹೆಡ್ಡು ತೊಳೆದು, ಕಂಪ್ಯೂಟರಿಗೆ ಯುಎಸ್‌ಬಿ ಸೌಂಡ್ ಕಾರ್ಡಿನ ಮೂಲಕ ಜೋಡಿಸಿದೆ. ಲ್ಯಾಪ್‌ಟಾಪಿನ ಮೈಕ್ ತೂತಿಗೆ ನೇರ ಹಾಕಿದರೆ ದನಿ ಒಡೆಯುತ್ತದೆ. ಹೆಡ್ಡಿನ ಪಕ್ಕದಲ್ಲೊಂದು ಪುಟ್ಟ ಸ್ಕ್ರೂ ಇದೆ, ಅದು ಹೆಡ್ಡಿನ ಓರೆ ಸರಿಮಾಡುವಂಥದ್ದು. ಬೇರೆ ಕ್ಯಾಸೆಟ್ಟು ಹಚ್ಚಿ ಕೈ ಪಳಗಿಸಿಕೊಂಡು, ಆಮೇಲೆ ಅಜ್ಜನದಕ್ಕೆ ಸ್ಕ್ರೂವನ್ನು ಕೂದಲೆಳೆಯಷ್ಟು ತಿರುವುತ್ತ ಹೋದೆ, ‘ಸ’ ಮತ್ತು ‘ಶ’ ಬಿಡಿಬಿಡಿಯಾಗಿ ಕೇಳುವವರೆಗೆ. 24 ಬಿಟ್, 48 ಕಿಲೋಹರ್ಟ್ಸ್, ವೇವ್ ಕಡತ. ಮೊದಲ ಕಡತವನ್ನು ಯಾವ ಕಾರಣಕ್ಕೂ ತಿದ್ದುವುದಿಲ್ಲ. ಗರಗರ ತೆಗೆಯುವುದೇನಿದ್ದರೂ ಅದರ ಪ್ರತಿಯ ಮೇಲೆ.

ದನಿ ಬಂತು. ಸ್ಪಷ್ಟವಾಗಿಯೇ ಬಂತು. ಅವ್ವ ಸ್ವಲ್ಪ ಹೊತ್ತು ಕೇಳಿ ತಲೆ ಅಲ್ಲಾಡಿಸಿದಳು. “ಇದು ಅಪ್ಪ ಅಲ್ಲ.” ಮಾತು ಅವರದೇ, ಕೆಮ್ಮು ಅವರದೇ, ಆದರೆ ದನಿ ತೆಳ್ಳಗೆ, ಅವಸರದ ಮನುಷ್ಯನದು. ತುಂಬಿಸಿಕೊಂಡ ದಿನ ಯಂತ್ರ ನಿಧಾನ ಓಡಿದ್ದರೆ, ಈಗ ಸರಿ ವೇಗದಲ್ಲಿ ಹಚ್ಚಿದಾಗ ಹೀಗಾಗುತ್ತದೆ. ಎಷ್ಟು ನಿಧಾನ ಎಂದು ತಿಳಿಯುವುದು ಹೇಗೆ? ಎರಡು ದಿನ ಯೋಚಿಸಿದ ಮೇಲೆ ಹೊಳೆಯಿತು. ಹಿಂದೆ ಸಣ್ಣಗೆ ಕರೆಂಟಿನ ಗುಂಯ್ ಅನ್ನುವ ಸದ್ದಿದೆ. ನಮ್ಮ ದೇಶದ ಕರೆಂಟು ಸೆಕೆಂಡಿಗೆ 50 ಆವರ್ತ, ಅದರ ಗುಂಯ್‌ಗುಡುವಿಕೆ 50, 100ರಲ್ಲಿ ಕೂರಬೇಕು. ಆಡಾಸಿಟಿ ಎಂಬ ಧ್ವನಿ ತಿದ್ದುವ ತಂತ್ರಾಂಶದಲ್ಲಿ ಯಾರೂ ಮಾತಾಡದ ಒಂದು ತುಣುಕು ಆರಿಸಿ ಆವರ್ತನದ ನಕ್ಷೆ ತೆಗೆದರೆ ಗೆರೆ ಎದ್ದಿದ್ದು 104ರಲ್ಲಿ. ಅಂದರೆ ನೂರಕ್ಕೆ ನಾಲ್ಕರಷ್ಟು ಜೋರಾಗಿ ಓಡುತ್ತಿದೆ. ಪ್ರತಿಯ ವೇಗವನ್ನು 104ರಿಂದ 100ಕ್ಕೆ ಇಳಿಸಿದೆ.

ಮತ್ತೆ ಹಚ್ಚಿದೆ. ಅವ್ವ ಅಡುಗೆಮನೆಯಲ್ಲಿ ರೊಟ್ಟಿ ಬಡಿಯುತ್ತಿದ್ದಳು. ಬಡಿಯುವ ಸಪ್ಪಳ ನಿಂತಿತು. ಹಿಟ್ಟಿನ ಕೈಯಲ್ಲೇ ಬಂದು ಬಾಗಿಲಲ್ಲಿ ನಿಂತಳು. “ಈಗ ಬಂದ ನೋಡು,” ಅಂದಳು.

ಮುಕ್ಕಾಲು ಗಂಟೆಯ ಮಾತು. ಖುರಾಕು, ದಿನಕ್ಕೆ ಹೊಡೆದ ದಂಡ, ಬಸ್ಕಿಯ ಲೆಕ್ಕ, ನಡೆದು ಹೋದ ಜಾತ್ರೆಗಳು. ಎರಡನೆಯ ಬದಿಯ ನಡುವಿನಲ್ಲಿ ಮಾಮಾನ ಹರೆಯದ ದನಿ ಕೇಳುತ್ತದೆ: “ಅಪ್ಪಾ, ನಿಮ್ಮನ್ನ ಯಾರೂ ಚಿತ್ ಮಾಡಿಲ್ಲಲ್ಲಾ?” ಅಜ್ಜ ನಗುತ್ತಾರೆ. “ಮಾಡ್ಯಾರಲ್ಲೋ! ಜಮಖಂಡಿ ಕಡೆ ಒಂದ ಜಾತ್ರ್ಯಾಗ. ಹಲಗಿ ಏರಿತು, ಮಂದಿ ನನ್ನ ಹೆಸರ ಕೂಗಾಕ ಹತ್ತಿದ್ರು. ನಾ ಅದನ್ನ ಕೇಳಕೋತ ನಿಂತೆ. ಆ ಹುಡುಗ ಒಳಗ ಬಂದ, ಢಾಕ ಹಾಕಿದ. ಆಕಾಶ ಕಂಡಿತು. ಛಲೋ ಪೈಲ್ವಾನ ಅವ. ಎದ್ದು ಅವನ ತೋಳ ಎತ್ತಿ ಕಣಾ ಸುತ್ತ ತಿರುಗಿಸಿದೆ.”

ಒಣಗಿದ ಖಾತೆಪುಸ್ತಕವನ್ನು ಅಲ್ಲಿಯವರೆಗೆ ನಾನು ಬರೀ ಕಾಗದವೆಂದು ನೋಡುತ್ತಿದ್ದೆ: ಎಷ್ಟು ಹಾಳೆ ಅಂಟಿವೆ, ಹುಳ ಎಲ್ಲೆಲ್ಲಿ ತಿಂದಿದೆ ಎಂದು. ಆ ರಾತ್ರಿ ಓದಲು ಕೂತೆ. ಮೊದಲ ಪುಟದಲ್ಲಿ ಮೈದಾ ಅಂಟಿನಿಂದ ಹಚ್ಚಿದ ಪತ್ರಿಕೆಯ ತುಣುಕು: 1952ರ ಹೆಲ್ಸಿಂಕಿ ಒಲಿಂಪಿಕ್ಸ್‌ನಲ್ಲಿ ಖಾಶಾಬಾ ಜಾಧವರು ಕಂಚಿನ ಪದಕ ಗೆದ್ದ ಸುದ್ದಿ. ಕರಾಡದ ಹತ್ತಿರದ ಗೋಳೇಶ್ವರದವರು, ನಮ್ಮಂಥದೇ ಕೆಮ್ಮಣ್ಣಿನಲ್ಲಿ ಬೆಳೆದವರು. ಸ್ವತಂತ್ರ ಭಾರತಕ್ಕೆ ಬಂದ ಮೊದಲ ವೈಯಕ್ತಿಕ ಒಲಿಂಪಿಕ್ ಪದಕ ಅದು. ಎರಡನೆಯದಕ್ಕೆ ದೇಶ 1996ರವರೆಗೆ ಕಾಯಬೇಕಾಯಿತು. ಊರಿಗೆ ಬಂದಾಗ ನೂರಕ್ಕೂ ಹೆಚ್ಚು ಎತ್ತಿನ ಗಾಡಿ ಕಟ್ಟಿ ಮೆರೆಸಿದ್ದರು. ಆ ಮನುಷ್ಯ 1984ರಲ್ಲಿ ರಸ್ತೆ ಅಪಘಾತದಲ್ಲಿ ತೀರಿಕೊಂಡರು, ಅರ್ಜುನ ಪ್ರಶಸ್ತಿ ಬಂದದ್ದು ಅದಾದ ಹದಿನೈದು ವರ್ಷಕ್ಕೂ ಮೇಲೆ. ತುಣುಕಿನಲ್ಲಿ ‘ಕರಾಡ’ ಎಂಬ ಪದದ ಕೆಳಗೆ ಅಜ್ಜ ಪೆನ್ಸಿಲಿನಲ್ಲಿ ಎರಡು ಗೆರೆ ಎಳೆದಿದ್ದಾರೆ.

ಆಮೇಲಿನ ಪುಟಗಳಲ್ಲಿ ಕಿರಾಣಿ ಲೆಕ್ಕದಂತೆ ಕಾಲಂ ಹಾಕಿ ಕುಸ್ತಿಯ ಲೆಕ್ಕ: ಜಾತ್ರೆ, ಎದುರಾಳಿಯ ಊರು, ಇನಾಮು, ಕೊನೆಗೆ ಒಂದು ಪದ. ‘ಚಿತ್ ಮಾಡಿದೆ’, ‘ಬರಾಬರಿ’, ಮತ್ತು ನಾಲ್ಕು ಕಡೆ, ಅದೇ ಗುಂಡನೆಯ ಅಕ್ಷರದಲ್ಲಿ, ‘ಚಿತ್ ಆದೆ’. ಬೆಳಗಾವಿ ಸೀಮೆಯ ಫಡೆಪ್ಪ ಚೌಗುಲೆಯವರು 1920ರ ಆಂಟ್ವರ್ಪ್ ಒಲಿಂಪಿಕ್ಸ್‌ನಲ್ಲಿ ಮ್ಯಾರಥಾನ್ ಓಡಿ 19ನೆಯವರಾಗಿ ಮುಗಿಸಿದರು, 2 ಗಂಟೆ 50 ನಿಮಿಷ 45 ಸೆಕೆಂಡಿನಲ್ಲಿ. ನೂರು ವರ್ಷವಾದರೂ ನಾನು ಅದನ್ನು ತರಗತಿಯಲ್ಲಿ ಹೆಮ್ಮೆಯಿಂದ ಹೇಳುತ್ತೇನೆ, ಏಕೆಂದರೆ ಯಾರೋ ಗಡಿಯಾರ ನೋಡಿ ಬರೆದಿಟ್ಟರು. ಅಜ್ಜನ ಗಡಿಯಾರ ಅಜ್ಜನೇ. ಅವರು ಬರೆದದ್ದನ್ನು ನಾವು ಕೂತು ಅಳಿಸಿದ್ದೇವೆ, ವಿಭೂತಿ ಹಚ್ಚಿ ಅಕ್ಷರ ಸವೆಸಿದಂತೆ, ಕಿವಿ ತಿದ್ದಿಸಿದಂತೆ.

ಗರಡಿಯ ಕಪಾಟಿಗೆ ಗದೆಯ ಜೊತೆ ಇಡಲು ಒಂದು ಬರಹ ಬೇಕಿತ್ತು. ಗೆದ್ದದ್ದು, ಬರಾಬರಿಯಾದದ್ದು, ಸೋತದ್ದು ಮೂರನ್ನೂ ಸೇರಿಸಿ ಬರೆದು ಮಾಮಾನ ಮುಂದೆ ಇಟ್ಟೆ. ಅವರು ಕನ್ನಡಕ ಹಾಕಿಕೊಂಡು ಬಹಳ ಹೊತ್ತು ಓದಿದರು.

“ನಿಮಗ ಇದು ಗೊತ್ತಿತ್ತಲ್ಲ ಮಾಮಾ,” ಅಂದೆ.

“ನಾನ ಕೇಳಿ, ನಾನ ತುಂಬಿಸಿಕೊಂಡೀನಿ. ಗೊತ್ತಿಲ್ಲೇನು?” ಕನ್ನಡಕ ತೆಗೆದರು. “ಅಪ್ಪ ಹ್ವಾದ ಮ್ಯಾಲೆ ಬಂದಬಂದವರು ಬೆನ್ನಿಗೆ ಮಣ್ಣ ಹತ್ತಿಲ್ಲ ಅಂತಿದ್ರು. ಅವ್ವ ಅದನ್ನ ಕೇಳಿ ಸಮಾಧಾನ ಮಾಡಕೋತಿದ್ಲು. ನನಗ ಬಾಯಿ ಬರಲಿಲ್ಲ. ಆಮ್ಯಾಲೆ ಹಂಗ ಉಳೀತು.” ಕಾಗದ ಮರಳಿ ಕೊಡುವಾಗ ಒಂದು ಸಾಲಿನ ಮೇಲೆ ಬೆರಳಿಟ್ಟರು. “ಇಲ್ಲಿ ಎರಡನೇದು ಜಾತ್ರಿ ಅಲ್ಲ, ಉರುಸು. ತಿದ್ದು.”

ಗದೆ, ಕಡಗ, ಫೋಟೋದ ಪ್ರತಿ ಈಗ ಕಪಾಟಿನಲ್ಲಿವೆ. ಧ್ವನಿ ಮತ್ತು ಚಿತ್ರದ ಕಡತಗಳು ಮೂರು ಕಡೆ ಇವೆ: ನನ್ನ ಹತ್ತಿರ, ಮಾಮಾನ ಮಗನ ಹತ್ತಿರ ಬೆಂಗಳೂರಿನಲ್ಲಿ, ಒಂದು ಹಾರ್ಡ್‌ಡಿಸ್ಕು ಟ್ರಂಕಿನಲ್ಲಿ. ಟ್ರಂಕನ್ನು ಎರಡು ಇಟ್ಟಿಗೆಯ ಮೇಲೆ ಎತ್ತಿ, ಸೋರುವ ಜಾಗದಿಂದ ಸರಿಸಿದ್ದೇವೆ. ಮಾಳಿಗೆಗೆ ಹೊಸ ಮಣ್ಣು ಬಿದ್ದಿದೆ.

ಜೋಡಿಯ ಮಾತು ಮಾತ್ರ ಮುಗಿದಿರಲಿಲ್ಲ. ಕಪಾಟಿನಲ್ಲಿ ಇಡುತ್ತೇವೆಂದಾಗ ವಸ್ತಾದರು ಒಪ್ಪಲಿಲ್ಲ. “ತಿರುವೋ ಜೋಡಿ ಗಾಜಿನ್ಯಾಗ ಇಟ್ರ ನಮ್ಮ ಹುಡುಗೂರು ಏನ ತಿರುವಬೇಕ್ರೀ?” ಅವರ ಮಾತು ನನಗೆ ನಾಟಿತು. ಹುಳ ತಿಂದದ್ದನ್ನು ತಿರುವಿದರೆ ಬಿರುಕು ಬಾಯಿಬಿಡುತ್ತದೆ, ಹಾಗಾಗಿ ಅದೇ ಅಳತೆಯದೊಂದು ಹೊಸ ಜೋಡಿ ಮಾಡಿಸಲು ಹೊರಟೆ. ರಟ್ಟು ಕತ್ತರಿಸಿ ಮುದ್ಗರದ ಬಾಗಿಗೆ ಸರಿಯಾಗಿ ಕೂರುವ ಅಚ್ಚು ತೆಗೆದೆ, ಎರಡೆರಡು ಇಂಚಿಗೆ ಸುತ್ತಳತೆ ಬರೆದುಕೊಂಡೆ. ಹಳೆಯದು ಒಂದೊಂದು 11 ಕಿಲೋ 400 ಗ್ರಾಂ. ಬಡಿಗೇರರ ಅದೇ ಮಗ ಜಾಲಿಯ ಕೊರಡು ತಂದು ನಾಲ್ಕು ದಿನ ಕೂತು ಮಾಡಿದ. ಹೆಬ್ಬೆರಳಿನ ತಗ್ಗು ಮಾಡಲೇ ಎಂದು ಕೇಳಿದ. ಬೇಡ, ಅದು ತಿರುವುವವರು ಮಾಡಿಕೊಳ್ಳುವುದು ಅಂದೆ.

ತೂಗಿದರೆ ಒಂದೊಂದು 12 ಕಿಲೋ 100. ಕಟ್ಟಿಗೆ ಇನ್ನೂ ಹಸಿ, ನೆರಳಲ್ಲಿ ಒಣಗಬೇಕು. ತುದಿಗಳಿಗೆ ಮೇಣ ಹಚ್ಚಿ ಗರಡಿಯ ಮೂಲೆಯಲ್ಲಿ ನಿಲ್ಲಿಸಿದ್ದೇವೆ. ಖಂಡೇಪೂಜೆಯ ಹಿಂದಿನ ದಿನ ಮತ್ತೆ ತೂಗಬೇಕು.